ಗೆರೆಗಳು ನಕ್ಕ ಕಾಲ

ಚಿಕ್ಕೋಡಿಯ ನಮ್ಮ ಮನೆಯ ಪಡಸಾಲೆಯಲ್ಲಿ ಸಂಜೆಯ ಹೊತ್ತಿಗೆ ಮೂವರು ಕೂಡುವುದು ವಾಡಿಕೆ. ನನ್ನ ತಾಯಿ ದೇವರ ದೀಪಕ್ಕೆ ಬತ್ತಿ ಹೊಸೆಯುತ್ತ ಕುಳಿತಿರುತ್ತಾರೆ. ಪಕ್ಕದ ಮನೆಯ ಮಾವಶಿ ಹಸನು ಮಾಡುವ ಅಕ್ಕಿಯ ಮೊರವನ್ನು ತೊಡೆಯ ಮೇಲಿಟ್ಟುಕೊಂಡು ಬರುತ್ತಾರೆ. ನನ್ನ ಮಗಳು ಮೊಬೈಲು ಹಿಡಿದು ಮೂಲೆ ಸೇರುತ್ತಾಳೆ. ತಾಯಿಯ ಮಾತು ಕನ್ನಡ, ಮಾವಶಿಯ ಮಾತು ಮರಾಠಿ. ಮೂವತ್ತು ವರ್ಷಗಳಿಂದ ಒಬ್ಬರು ಕೇಳಿದ್ದಕ್ಕೆ ಇನ್ನೊಬ್ಬರು ತಮ್ಮ ಭಾಷೆಯಲ್ಲಿಯೇ ಉತ್ತರ ಕೊಡುತ್ತ ಬಂದಿದ್ದಾರೆ. ಈವರೆಗೆ ಯಾವ ವ್ಯವಹಾರವೂ ಕೆಟ್ಟಿಲ್ಲ.

ಮೊನ್ನೆ ಮಗಳು ಏನನ್ನೋ ನೋಡಿ ಕಿಲಕಿಲನೆ ನಕ್ಕಳು. “ಏನದು, ನಮಗೂ ತೋರಸ” ಎಂದರು ತಾಯಿ. ಮೂರು ತಲೆಗಳು ಒಂದುಗೂಡಿದವು. ಕರಿಯ ಬೆಕ್ಕೊಂದು ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡು, ಸಂಸಾರದ ಚಿಂತೆ ಹತ್ತಿದ ಯಜಮಾನನಂತೆ ಹಿಂದೆ ಮುಂದೆ ಅಡ್ಡಾಡುತ್ತಿತ್ತು. ಅದರ ಬಾಲ ಪ್ರಶ್ನಾರ್ಥಕ ಚಿಹ್ನೆಯಾಗಿ ಡೊಂಕಾಯಿತು. ಮರುಕ್ಷಣವೇ ಬೆಕ್ಕು ಆ ಬಾಲವನ್ನು ಕಿತ್ತು ಕೊಕ್ಕೆ ಮಾಡಿಕೊಂಡಿತು. ಮಾವಶಿ ಮೊರ ಬದಿಗಿಟ್ಟು ನಕ್ಕರು. “ಧ್ವನಿ ಹಚ್ಚಬಾರದೇನ?” ಎಂದು ತಾಯಿ ಕೇಳಿದರೆ, “ಇದಕ್ಕ ಧ್ವನಿನೇ ಇಲ್ಲ ಆಯಿ, ನೂರು ವರ್ಷದ ಹಿಂದಿಂದಿದು” ಎಂದಳು ಮಗಳು.

ಆ ನಗುವಿನ ಇತಿಹಾಸವನ್ನು ಬರೆಯಬೇಕೆಂದು ನನಗೆ ಅನ್ನಿಸಿದ್ದು ಆಗಲೇ. ನಾನು ಕನ್ನಡ ಪಾಠ ಹೇಳುವವನು, ಚಲನಚಿತ್ರದ ಪಂಡಿತನಲ್ಲ. ಆದರೆ ಈ ಇತಿಹಾಸವನ್ನು ಹಿಡಿದು ಹೊರಟವನಿಗೆ ದಾರಿ ಪ್ಯಾರಿಸು ನ್ಯೂಯಾರ್ಕುಗಳನ್ನು ಸುತ್ತಿ, ಕೊನೆಗೆ ನಮ್ಮ ನಿಪ್ಪಾಣಿಯ ನೆರೆಗೇ ಬಂದು ನಿಂತಿತು. ಅಲ್ಲಿ ನನ್ನದೇ ಒಂದು ತಪ್ಪು ನನಗಾಗಿ ಕಾದು ಕುಳಿತಿತ್ತು.

ಗೆರೆಯನ್ನು ನಡೆಯಿಸುವ ಉಪಾಯ ಮೇಲುನೋಟಕ್ಕೆ ಸರಳವಾದುದು. ಒಂದು ಕಾಗದದಲ್ಲಿ ಕಾಲು ನೆಲದ ಮೇಲಿರುವ ಮನುಷ್ಯನನ್ನು ಬರೆಯಬೇಕು; ಮುಂದಿನದರಲ್ಲಿ ಕಾಲು ಕೂದಲೆಳೆಯಷ್ಟು ಮೇಲೆ; ಅದರ ಮುಂದಿನದರಲ್ಲಿ ಇನ್ನಷ್ಟು ಮೇಲೆ. ಒಂದೊಂದನ್ನೂ ಕ್ಯಾಮರಾದ ಕೆಳಗಿಟ್ಟು ಒಂದೊಂದೇ ಚೌಕಟ್ಟಾಗಿ ಚಿತ್ರಿಸಿಕೊಂಡು, ಬಳಿಕ ಒಟ್ಟಾಗಿ ಓಡಿಸಿದರೆ ಆ ಮನುಷ್ಯ ಎದ್ದು ನಡೆಯುತ್ತಾನೆ. ಆದರೆ ಲೆಕ್ಕ ಹಾಕಿದವನ ಎದೆ ಝಲ್ಲೆನ್ನುತ್ತದೆ. ಮೂಕಿ ಚಿತ್ರಗಳ ಕಾಲದಲ್ಲಿ ಸೆಕೆಂಡಿಗೆ ಸುಮಾರು 16 ಚೌಕಟ್ಟುಗಳು ಓಡುತ್ತಿದ್ದವು. ಎಂದರೆ ನಿಮಿಷಕ್ಕೆ 960. ಐದು ನಿಮಿಷದ ಒಂದು ನಗೆಚಿತ್ರಕ್ಕೆ 4,800. ಒಂದೊಂದು ಚಿತ್ರವನ್ನು ಎರಡೆರಡು ಸಲ ಹಿಡಿದು ಅರ್ಧ ಶ್ರಮ ಉಳಿಸಿದರೂ 2,400 ಚಿತ್ರಗಳನ್ನು ಕೈಯಿಂದಲೇ ಬರೆಯಬೇಕು. ಐದು ನಿಮಿಷ ನಗಿಸಲು ತಿಂಗಳುಗಟ್ಟಲೆ ಬೆನ್ನು ಬಗ್ಗಿಸಿದವರ ಕಥೆ ಇದು.

ಈ ಕಥೆ ಸಿನಿಮಕ್ಕಿಂತ ಹಳೆಯದು. 1892ರ ಅಕ್ಟೋಬರ್ 28ರಂದು ಪ್ಯಾರಿಸಿನ ಗ್ರೆವಾಂ ವಸ್ತುಸಂಗ್ರಹಾಲಯದಲ್ಲಿ ಎಮಿಲ್ ರೆನೊ ಎಂಬವನು ಉದ್ದನೆಯ ಪಟ್ಟಿಗಳ ಮೇಲೆ ಬಣ್ಣದಲ್ಲಿ ಬರೆದ ಚಿತ್ರಗಳನ್ನು ಬೆಳಕಿನ ಮುಂದೆ ಓಡಿಸಿ ಜನರನ್ನು ಬೆರಗುಗೊಳಿಸಿದನು. ಅವನ ‘ಬಡ ಪಿಯೆರೊ’ ಎಂಬ ಹಾಸ್ಯದಲ್ಲಿ 500 ಚಿತ್ರಗಳಿದ್ದವು. ನಿಜವಾದ ಸಿನಿಮ ಬಂದ ಮೇಲೆ ಅವನ ಅಂಗಡಿ ಮುಚ್ಚಿತು. ಮನನೊಂದ ಆತ ತನ್ನ ಪಟ್ಟಿಗಳಲ್ಲಿ ಬಹುಪಾಲನ್ನು ಸೇನ್ ನದಿಗೆ ಎಸೆದುಬಿಟ್ಟನು. 1906ರಲ್ಲಿ ಅಮೇರಿಕೆಯ ಸ್ಟುವರ್ಟ್ ಬ್ಲ್ಯಾಕ್‌ಟನ್ ಕರಿಹಲಗೆಯ ಮೇಲೆ ಸೀಮೆಸುಣ್ಣದಿಂದ ಗಂಡು ಹೆಣ್ಣುಗಳ ಮುಖ ಬರೆದು, ಗಂಡಿನ ಚುಟ್ಟದ ಹೊಗೆ ಹೆಣ್ಣಿನ ಮುಖವನ್ನು ಮುಚ್ಚುವಂತೆ ಮಾಡಿದನು. 1908ರಲ್ಲಿ ಫ್ರಾನ್ಸಿನ ಎಮಿಲ್ ಕೋಲ್ ಸುಮಾರು 700 ಚಿತ್ರಗಳನ್ನು ಬರೆದು ‘ಫ್ಯಾಂಟಸ್ಮಗೋರಿ’ ತೆಗೆದನು. ಎರಡು ನಿಮಿಷವೂ ಇಲ್ಲದ ಆ ಚಿತ್ರದಲ್ಲಿ ಕಡ್ಡಿಯಂಥ ಕೋಡಂಗಿಯೊಬ್ಬ ಹುಟ್ಟುತ್ತಾನೆ, ಬೀಳುತ್ತಾನೆ, ಒಡೆಯುತ್ತಾನೆ, ಮತ್ತೆ ಕೂಡಿಕೊಳ್ಳುತ್ತಾನೆ. ಕಥೆಯೆಂಬುದು ಇಲ್ಲ, ಗೆರೆಯ ಉತ್ಸಾಹ ಮಾತ್ರವುಂಟು.

ಇವೆಲ್ಲ ಹಾಸ್ಯವೇ ಏಕಾದುವು ಎಂದು ಓದುಗರು ಕೇಳಬಹುದು. ನನಗೆ ತೋಚುವ ಉತ್ತರ ಇಷ್ಟು: ಮನುಷ್ಯ ಎಡವಿ ಬಿದ್ದರೆ ನಮಗೆ ನಗು ಬಂದರೂ ಒಳಗೊಂದು ಅಳುಕಿರುತ್ತದೆ, ಪಾಪ, ಪೆಟ್ಟಾಗಿರಬಹುದೆಂದು. ಗೆರೆ ಬಿದ್ದರೆ ಆ ಅಳುಕಿಲ್ಲ. ಅದಕ್ಕೆ ಎಲುಬಿಲ್ಲ, ಭಾರವಿಲ್ಲ, ಸಾವಿಲ್ಲ. ಬಾಲ ಕಿತ್ತರೆ ಕೊಕ್ಕೆ, ತಲೆ ಕಿತ್ತರೆ ಚೆಂಡು. ಲೋಕದ ನಿಯಮವೆಲ್ಲ ಸಡಿಲಾದ ಜಾಗದಲ್ಲಿ ನಗು ತಾನಾಗಿ ಹುಟ್ಟುತ್ತದೆ.

1914ರಲ್ಲಿ ವಿನ್ಸರ್ ಮೆಕೇ ಎಂಬ ಪತ್ರಿಕಾ ಚಿತ್ರಕಾರ ‘ಗರ್ಟಿ’ ಎಂಬ ಡೈನೊಸಾರನ್ನು ತೆರೆಗೆ ತಂದನು. ತಾನು ಚಾವಟಿ ಹಿಡಿದು ರಂಗದ ಮೇಲೆ ನಿಂತು ಅಪ್ಪಣೆ ಮಾಡುವುದು, ತೆರೆಯ ಮೇಲಿನ ಪ್ರಾಣಿ ತಲೆಬಾಗುವುದು, ಬೈದರೆ ಅಳುವುದು! ಅದಕ್ಕಾಗಿ ಬರೆದ ಚಿತ್ರಗಳು ಸಾವಿರಾರು. ಗರ್ಟಿಯನ್ನು ಮೆಕೇ ಬರೆದರೆ, ಅವಳ ಹಿಂದಿನ ಕಲ್ಲು ನೀರುಗಳನ್ನು ಕಾಗದ ಕಾಗದಕ್ಕೂ ಮತ್ತೆ ಮತ್ತೆ ಬರೆದವನು ಜಾನ್ ಫಿಟ್ಸ್‌ಸಿಮನ್ಸ್ ಎಂಬ ಎಳೆಯ ವಿದ್ಯಾರ್ಥಿ. ಅದೇ ವರ್ಷ ಅರ್ಲ್ ಹರ್ಡ್ ಎಂಬವನು ಪಾರದರ್ಶಕ ಸೆಲ್ಯುಲಾಯಿಡ್ ಹಾಳೆಯ ಮೇಲೆ ಪಾತ್ರವನ್ನಷ್ಟೇ ಬರೆದು, ಒಂದೇ ಹಿನ್ನೆಲೆಯ ಮೇಲೆ ಅದನ್ನು ಹಾಸುವ ಕ್ರಮವನ್ನು ಕಂಡುಹಿಡಿದು ಇಂಥ ಹುಡುಗರ ಬೆನ್ನುನೋವನ್ನು ಇಳಿಸಿದನು. ನಮ್ಮ ಪಡಸಾಲೆಯ ಕರಿಯ ಬೆಕ್ಕು ಫೀಲಿಕ್ಸ್ 1919ರಲ್ಲಿ ಹುಟ್ಟಿತು. ತೆರೆಯ ಮೇಲೆ ಮೆರೆದದ್ದು ಸ್ಟುಡಿಯೋದ ಒಡೆಯ ಪ್ಯಾಟ್ ಸಲಿವನ್ನನ ಹೆಸರು. ಬೆಕ್ಕಿಗೆ ಜೀವ ಕೊಟ್ಟ ಒಟ್ಟೋ ಮೆಸ್ಮರನ ಹೆಸರು ಲೋಕಕ್ಕೆ ತಿಳಿದದ್ದು ದಶಕಗಳ ತರುವಾಯ. ಬರೆದ ಕೈ ಒಂದು, ಬರೆಯಿಸಿಕೊಂಡ ಹೆಸರು ಇನ್ನೊಂದು. ಇದು ಪರದೇಶದ ಮಾತ್ರ ಕಥೆಯಲ್ಲ.

ಇನ್ನು ನಮ್ಮ ಕಡೆಗೆ ಬರೋಣ. ಬೆಳಕಿನ ಮುಂದೆ ಚಿತ್ರವನ್ನು ಕುಣಿಸಿ ನಗಿಸುವ ವಿದ್ಯೆ ನಮಗೆ ಪ್ಯಾರಿಸಿನಿಂದ ಬರಬೇಕಾಗಿರಲಿಲ್ಲ. ನಾನು ಚಿಕ್ಕವನಿದ್ದಾಗ, ಮಳೆ ಹಿಂದೆಗೆದ ಒಂದು ವರ್ಷ, ನಮ್ಮೂರಿನಲ್ಲಿ ತೊಗಲುಬೊಂಬೆಯ ಆಟ ಮಾಡಿಸಿದ್ದರು. ಆಟವಾದರೆ ಮಳೆಯಾಗುತ್ತದೆಂದು ಹಿರಿಯರ ನಂಬಿಕೆ. ಬಿಳಿಯ ಪರದೆಯ ಹಿಂದೆ ದೀಪ ಉರಿಯುತ್ತಿತ್ತು. ರಾಮ ರಾವಣರು ಬಂದಾಗ ಸುಮ್ಮನೆ ಕುಳಿತಿದ್ದ ನಾವು, ಕರಿಯ ಮೈಯ, ಗುಡಾಣ ಹೊಟ್ಟೆಯ ಕಿಳ್ಳೇಕ್ಯಾತ ತನ್ನ ಹೆಂಡತಿ ಬಂಗಾರಕ್ಕನೊಡನೆ ಜಗಳವಾಡುತ್ತ ಬಂದಾಗ ಬಿದ್ದು ಬಿದ್ದು ನಕ್ಕೆವು. ಮೊನ್ನೆ ಫೀಲಿಕ್ಸನನ್ನು ನೋಡಿದಾಗ ನೆನಪಾದವನು ಆ ಕಿಳ್ಳೇಕ್ಯಾತನೇ. ಇಬ್ಬರೂ ಕರಿಯರು, ಇಬ್ಬರೂ ಚಪ್ಪಟೆ, ಇಬ್ಬರೂ ಬೆಳಕಿನ ಮಕ್ಕಳು. ಬೊಂಬೆಯನ್ನು ಕೈ ಕುಣಿಸುತ್ತದೆ. ಕಾರ್ಟೂನ್ ಚಿತ್ರದಲ್ಲಿ ಕುಣಿಸುವ ಕೈ ಮೊದಲೇ ಬಂದು ಹೋಗಿರುತ್ತದೆ. ವ್ಯತ್ಯಾಸ ಅಷ್ಟೆ.

ರೆನೊ ಪ್ಯಾರಿಸಿನಲ್ಲಿ ಪ್ರದರ್ಶನ ಕೊಟ್ಟ 1892ರಲ್ಲಿಯೇ ಮುಂಬಯಿ ಬಳಿಯ ಕಲ್ಯಾಣದಲ್ಲಿ ಮಹಾದೇವ ಗೋಪಾಳ ಪಟವರ್ಧನ ಎಂಬವರು ಮಾಯಾದೀಪದ ಆಟವನ್ನು ಪ್ರಾರಂಭಿಸಿದರು. ಗಾಜಿನ ಫಲಕಗಳ ಮೇಲೆ ಮನೆಯವರೇ ಕೈಯಿಂದ ಬರೆದ ಚಿತ್ರಗಳು. ಒಂದರ ಮೇಲೊಂದು ಫಲಕ ಸರಿದಾಡಿದಂತೆ ಪಾತ್ರಗಳು ಕೈಕಾಲು ಆಡಿಸುತ್ತಿದ್ದವು. ಪುರಾಣದ ಕಥೆಗಳ ಜೊತೆಗೆ ಸರ್ಕಸ್ಸಿನ ವಿನೋದವೂ ಇತ್ತು. ಅದಕ್ಕೆ ಅವರು ಇಟ್ಟ ಹೆಸರು ‘ಶಾಂಬರಿಕ ಖರೋಲಿಕಾ’. ಶಾಂಬರಿಯೆಂದರೆ ಶಂಬರಾಸುರನ ಮಾಯಾವಿದ್ಯೆ. ಹೆಸರಿಟ್ಟವರು ಸಂಸ್ಕೃತವನ್ನೂ ವ್ಯಾಪಾರವನ್ನೂ ಬಲ್ಲವರೆಂಬುದರಲ್ಲಿ ಸಂದೇಹವಿಲ್ಲ. ಸುಮಾರು ಎರಡು ದಶಕಗಳ ಕಾಲ ಈ ಆಟ ಊರೂರು ತಿರುಗಿತು.

ಬಳಿಕ ಬಂದವರು ದಾದಾಸಾಹೇಬ ಫಾಳ್ಕೆ. ‘ರಾಜಾ ಹರಿಶ್ಚಂದ್ರ’ವನ್ನು 1913ರಲ್ಲಿ ತೆರೆಗೆ ತಂದ ಈ ಮಹನೀಯರನ್ನು ಎಲ್ಲರೂ ಬಲ್ಲರು. ಆದರೆ ಅದಕ್ಕಿಂತ ಮೊದಲು 1912ರಲ್ಲಿ ಅವರು ಕುಂಡದಲ್ಲಿ ಬಟಾಣಿ ಬಿತ್ತಿ, ಅದು ಮೊಳೆತು ಬೆಳೆಯುವುದನ್ನು ದಿನದಿನವೂ ಒಂದಿಷ್ಟೇ ಚೌಕಟ್ಟುಗಳಲ್ಲಿ ಹಿಡಿದು, ಕ್ಷಣಮಾತ್ರದಲ್ಲಿ ಗಿಡವೇಳುವಂತೆ ತೋರಿಸಿದ್ದರೆಂಬುದು ಅಷ್ಟು ಪ್ರಚಾರದಲ್ಲಿಲ್ಲ. ಆ ಬಟಾಣಿಯನ್ನು ತೋರಿಸಿಯೇ ಅವರು ಹರಿಶ್ಚಂದ್ರನಿಗೆ ಹಣ ಹೊಂದಿಸಿದರು. ಯುರೋಪಿನಲ್ಲಿ ಮೊದಲನೆಯ ಮಹಾಯುದ್ಧ ಹತ್ತಿಕೊಂಡು ಕಚ್ಚಾ ಫಿಲ್ಮು ದುರ್ಲಭವಾದಾಗ, ದೊಡ್ಡ ಚಿತ್ರ ತೆಗೆಯಲು ಹಣವಿಲ್ಲದ ಫಾಳ್ಕೆ 1915ರಲ್ಲಿ ‘ಆಗಕಾಡ್ಯಾಂಚೀ ಮೌಜ’ ಎಂಬ ಸಣ್ಣ ಚಿತ್ರ ಮಾಡಿದರು. ಬೆಂಕಿಕಡ್ಡಿಗಳ ಮೋಜು ಎಂದು ಅರ್ಥ. ಬೆಂಕಿಕಡ್ಡಿಗಳನ್ನು ಒಂದಿಷ್ಟೊಂದಿಷ್ಟೇ ಸರಿಸಿ, ಒಂದೊಂದೇ ಚೌಕಟ್ಟು ಹಿಡಿದು, ಅವು ತಾವಾಗಿ ಕುಣಿಯುವಂತೆ ಮಾಡಿದ ಚಿತ್ರ. ಕೋಲ್ ಸಹ 1908ರಲ್ಲಿ ಇಂಥದೇ ಕಡ್ಡಿಗಳ ಆಟ ಕಟ್ಟಿದ್ದನು. ನಟರಿಗೆ ಸಂಬಳವಿಲ್ಲ, ವೇಷಭೂಷಣವಿಲ್ಲ. ಒಂದು ಪೆಟ್ಟಿಗೆ ಬೆಂಕಿಕಡ್ಡಿ, ಬೆಟ್ಟದಷ್ಟು ತಾಳ್ಮೆ. ‘ಪ್ರೊಫೆಸರ್ ಕೆಲ್ಫಾ’ ಎಂದು ತಮ್ಮ ಅಡ್ಡಹೆಸರನ್ನೇ ತಿರುವಿಹಾಕಿಕೊಂಡು ಜಾದೂ ಮಾಡಿದ್ದ ಮನುಷ್ಯನಿಗೆ ಇದು ಒಪ್ಪುವ ಕೆಲಸವೇ ಸರಿ. ಆ ಚಿತ್ರ ಇಂದು ನೋಡಸಿಗುವುದಿಲ್ಲ.

ಫಾಳ್ಕೆಯವರ ತರುವಾಯ ಈ ಕಥೆಯ ದಾರಿ ದಕ್ಷಿಣಕ್ಕೆ ತಿರುಗುತ್ತದೆ. ನಿಪ್ಪಾಣಿಯಿಂದ ಸುಮಾರು 40 ಕಿಲೋಮೀಟರು ಹೋದರೆ ಕೊಲ್ಹಾಪುರ. ಅಲ್ಲಿ ನಾಟಕದ ಪರದೆಗಳನ್ನು ಬರೆಯುತ್ತಿದ್ದ ಬಾಬುರಾವ್ ಮೇಸ್ತ್ರಿ ಮತ್ತು ಅವರ ಬಂಧು ಆನಂದರಾವ್ ಸಿನಿಮದ ಹುಚ್ಚು ಹಿಡಿಸಿಕೊಂಡು, ಕ್ಯಾಮರಾವನ್ನು ತಾವೇ ಮಾಡಲು ತೊಡಗಿದರು. ಆನಂದರಾವ್ 1916ರಲ್ಲಿ ತೀರಿಕೊಂಡರು. ಬಾಬುರಾವ್ ಎದೆಗುಂದದೆ 1917ರಲ್ಲಿ ಮಹಾರಾಷ್ಟ್ರ ಫಿಲ್ಮ್ ಕಂಪನಿಯನ್ನು ಕಟ್ಟಿದರು. 1920ರಲ್ಲಿ ‘ಸೈರಂಧ್ರಿ’ ಹೊರಬಂದಿತು. ಕುಂಚ ಹಿಡಿದ ಕೈಯೇ ಕ್ಯಾಮರಾ ಹಿಡಿದದ್ದರಿಂದ ಜನ ಅವರನ್ನು ಬಾಬುರಾವ್ ಪೇಂಟರ್ ಎಂದೇ ಕರೆದರು. ಅವರ ಗರಡಿಯಲ್ಲಿ ಪಳಗಿದ ದಾಮ್ಲೆ, ಫತ್ತೇಲಾಲ್, ಶಾಂತಾರಾಮ್ ಮೊದಲಾದವರು 1929ರಲ್ಲಿ ಕೊಲ್ಹಾಪುರದಲ್ಲಿಯೇ ಪ್ರಭಾತ್ ಕಂಪನಿಯನ್ನು ಸ್ಥಾಪಿಸಿ, 1933ರಲ್ಲಿ ಪುಣೆಗೆ ಹೋದರು. ಮರುವರ್ಷವೇ ಪ್ರಭಾತದಿಂದ ಒಂದು ಕಾರ್ಟೂನ್ ಚಿತ್ರ ಬಂದಿತು: ರಘುನಾಥ ಕೇಳಕರರ ‘ಜಂಬೂಕಾಕಾ’. ಜಂಬುಕವೆಂದರೆ ನರಿಯೆಂದು ಪಂಚತಂತ್ರ ಓದಿದ ಕನ್ನಡಿಗರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಅದೇ 1934ರಲ್ಲಿ ಕಲಕತ್ತೆಯ ನ್ಯೂ ಥಿಯೇಟರ್ಸಿನಿಂದ ಗುಣಮಯ ಬ್ಯಾನರ್ಜಿಯವರ ‘ದಿ ಪೀ ಬ್ರದರ್ಸ್’ ಹೊರಬಂದಿತು. ಫಾಳ್ಕೆಯವರ ಬಟಾಣಿ ಇಲ್ಲಿ ಅಣ್ಣತಮ್ಮಂದಿರಾಗಿ ಮತ್ತೆ ಮೊಳೆತಿತು. ಮರುವರ್ಷ ಮೋಹನ ಭವನಾನಿಯವರ ‘ಲಫಂಗಾ ಲಂಗೂರ್’ ಬಂದಿತು. ಈ ಭವನಾನಿಯವರು ನಮಗೆ ಪರಕೀಯರಲ್ಲ. ಮೂಕಿ ಯುಗದ ಕೊನೆಯಲ್ಲಿ ‘ಮೃಚ್ಛಕಟಿಕ’ದ ಕಥೆಯನ್ನು ‘ವಸಂತಸೇನಾ’ ಎಂದು ಚಿತ್ರವಾಗಿಸಿದವರು ಅವರೇ. ಅದರಲ್ಲಿ ಕಮಲಾದೇವಿ ಚಟ್ಟೋಪಾಧ್ಯಾಯರೂ ನಮ್ಮ ಟಿ.ಪಿ. ಕೈಲಾಸಂ ಅವರೂ ನಟಿಸಿದ್ದರು. ಮಾತನ್ನೇ ಬಂಡವಾಳ ಮಾಡಿಕೊಂಡ ಕೈಲಾಸಂ ಮಾತಿಲ್ಲದ ತೆರೆಯ ಮೇಲೆ!

ನನ್ನ ತಪ್ಪಿನ ವಿಷಯ ಇಲ್ಲಿಗೆ ಸೇರತಕ್ಕದ್ದು. ನಮ್ಮ ಕಾಲೇಜಿಗೆ ನಿಪ್ಪಾಣಿ, ರಾಯಬಾಗ, ಅಥಣಿ, ಕಾಗವಾಡಗಳ ಕಡೆಯಿಂದಲೂ ಮಕ್ಕಳು ಬರುತ್ತಾರೆ. ಅರ್ಧಕ್ಕರ್ಧ ಮಂದಿಯ ಮನೆಮಾತು ಮರಾಠಿ. ಕನ್ನಡ ರಂಗಭೂಮಿಯ ಪಾಠದಲ್ಲಿ, ನಟರು ಸಿನಿಮಕ್ಕೆ ಹೋದ ಪ್ರಸ್ತಾಪ ಬಂದಾಗಲೆಲ್ಲ ನಾನು ಒಂದು ವಾಕ್ಯವನ್ನು ಬರೆಯಿಸುತ್ತಿದ್ದೆ: ‘ಕನ್ನಡದ ಮೊದಲ ವಾಕ್ಚಿತ್ರ ಸತಿ ಸುಲೋಚನಾ, 1934ನೆಯ ಮಾರ್ಚಿ 3ರಂದು ಬೆಂಗಳೂರಿನಲ್ಲಿ ತೆರೆ ಕಂಡಿತು.’ ಹದಿನೈದು ವರ್ಷ ಹೀಗೆ ಬರೆಯಿಸಿದ ಮೇಲೆ, ಹಿಂದಿನ ಬೆಂಚಿನ ನಿಪ್ಪಾಣಿಯ ಹುಡುಗನೊಬ್ಬ ಎದ್ದು ನಿಂತ. “ಸರ, ಆ ಸಿನಿಮಾ ತಗದದ್ದ ಎಲ್ಲಿರೀ?”

“ಬೆಂಗಳೂರಿನಲ್ಲೇ ಇರಬೇಕು” ಎಂದೆ.

‘ಇರಬೇಕು’ ಎಂಬುದು ಅಧ್ಯಾಪಕನ ಬಾಯಿಂದ ಬರಬಾರದ ಮಾತು. ಮನೆಗೆ ಬಂದು ಪುಸ್ತಕಗಳನ್ನು ತೆರೆದಾಗ ನಾಚಿಕೆಯಾಯಿತು. ಚಮನಲಾಲ್ ಡುಂಗಾಜಿಯವರು ಹಣ ಹಾಕಿ, ವೈ.ವಿ. ರಾವ್ ನಿರ್ದೇಶಿಸಿ, ಬೆಳ್ಳಾವೆ ನರಹರಿಶಾಸ್ತ್ರಿಗಳು ಬರೆದು, ಸುಬ್ಬಯ್ಯನಾಯ್ಡು, ತ್ರಿಪುರಾಂಬಾ, ನಾಗೇಂದ್ರರಾಯರು ನಟಿಸಿದ ಆ ಚಿತ್ರವನ್ನು ತೆಗೆದದ್ದು ಕೊಲ್ಹಾಪುರದ ಛತ್ರಪತಿ ಸಿನಿಟೋನಿನಲ್ಲಿ. ಕನ್ನಡವು ತೆರೆಯ ಮೇಲೆ ಮೊದಲು ಮಾತನಾಡಿದ್ದು ನಮ್ಮ ನೆರೆಯ ಊರಿನಲ್ಲಿ. ಬೆಂಗಳೂರಿನಿಂದ ಅಲ್ಲಿಗೆ ಹೋಗುವ ಅಂದಿನ ರೈಲುದಾರಿ ಬೆಳಗಾವಿ ದಾಟಿ, ನಮ್ಮ ರಾಯಬಾಗ, ಕುಡಚಿಗಳ ನಿಲ್ದಾಣಗಳನ್ನು ಹಾಯ್ದು ಮೀರಜಕ್ಕೆ ಹೋಗುತ್ತಿತ್ತು. ಇದನ್ನು ಈ ನೆಲದ ಮಕ್ಕಳಿಗೆ ಹದಿನೈದು ವರ್ಷ ನಾನು ಹೇಳಿರಲಿಲ್ಲ. ಹುಡುಗನ ಪ್ರಶ್ನೆಯಲ್ಲಿ ಕುತರ್ಕವೇನೂ ಇರಲಿಲ್ಲ. ತನ್ನೂರಿಗೆ ಈ ಇತಿಹಾಸದಲ್ಲಿ ಜಾಗವುಂಟೇ ಎಂದು ಅವನು ಕೇಳಿದ್ದ. ಇಲ್ಲವೆಂದು ನಾನು ಹೇಳಿದಂತಾಗಿತ್ತು.

ಈ ಮರೆವು ಹೇಗೆ ಬಂದಿತು? ಮೂಕಿ ಚಿತ್ರಕ್ಕೆ ಊರಿನ ಗಡಿಯಿರಲಿಲ್ಲ. ನಡುನಡುವೆ ಬರುವ ಬರಹವನ್ನು ಓದಬಲ್ಲವನೊಬ್ಬ ಗಟ್ಟಿಯಾಗಿ ಓದಿ ಹೇಳಿದರೆ ಸಾಕಾಗಿತ್ತು. ಕಾರ್ಟೂನ್ ಚಿತ್ರಕ್ಕೆ ಬಹುಮಟ್ಟಿಗೆ ಅದೂ ಬೇಡ. ಆಗ ಚಿಕ್ಕೋಡಿ, ಅಥಣಿಗಳು ಮುಂಬಯಿ ಪ್ರಾಂತದ ಬೆಳಗಾವಿ ಜಿಲ್ಲೆಯಲ್ಲಿದ್ದವು; ರಾಯಬಾಗವೋ ಕೊಲ್ಹಾಪುರ ಸಂಸ್ಥಾನಕ್ಕೇ ಸೇರಿದ್ದಿತು. 1931ರಲ್ಲಿ ‘ಆಲಂ ಆರಾ’ ಮಾತನಾಡಿತು. 1932ರಲ್ಲಿ ಪ್ರಭಾತದ ‘ಅಯೋಧ್ಯೇಚಾ ರಾಜಾ’ ಕೊಲ್ಹಾಪುರದಲ್ಲಿ ಮರಾಠಿ ಮಾತನಾಡಿತು. ಎರಡು ವರ್ಷಗಳಲ್ಲಿ ಅದೇ ಊರಿನಲ್ಲಿ ಸುಲೋಚನೆ ಕನ್ನಡ ಮಾತನಾಡಿದಳು. ಭಾಷೆಗೆ ತೆರೆ ಸಿಕ್ಕಿತು, ಒಳ್ಳೆಯದೇ ಆಯಿತು. ಕನ್ನಡದ ಅನ್ನ ತಿನ್ನುವ ನಾನು ಅದನ್ನು ಹಳಿಯಲಾರೆ. ಆದರೆ ಅಲ್ಲಿಂದ ಮುಂದೆ ಪ್ರೇಕ್ಷಕರೂ ಎರಡಾದರು. 1956ರ ನವೆಂಬರ್ 1ರಂದು ಬೆಳಗಾವಿ ಜಿಲ್ಲೆ ಮೈಸೂರು ರಾಜ್ಯಕ್ಕೆ ಸೇರಿತು. 1960ರಲ್ಲಿ ಮಹಾರಾಷ್ಟ್ರ ರಾಜ್ಯವಾಯಿತು. ಗಡಿಯ ವಾದ ಬೆಳೆದಂತೆ ಇತಿಹಾಸ ಬರೆಯುವವರೂ ತಮ್ಮ ತಮ್ಮ ಹೊಲದ ಬದುವಿನೊಳಗೇ ಉತ್ತರು. ಕನ್ನಡದ ಕಥೆಯನ್ನು ಬೆಂಗಳೂರಿನಿಂದ, ಮರಾಠಿಯ ಕಥೆಯನ್ನು ಪುಣೆ ಮುಂಬಯಿಗಳಿಂದ ಹೇಳುವುದು ರೂಢಿಯಾಯಿತು. ಬದುವಿನ ಮೇಲೆ ಮನೆ ಮಾಡಿಕೊಂಡ ನಾವು ಎರಡೂ ಕಥೆಗಳಲ್ಲಿ ಅಡಿಟಿಪ್ಪಣಿಯಾದೆವು.

ಜಂಬೂಕಾಕಾ ನಮ್ಮದೆಂದು ಹಕ್ಕು ಸಾಧಿಸಲು ನಾನು ಹೊರಟಿಲ್ಲ; ಸುಲೋಚನೆಯನ್ನು ಕೊಲ್ಹಾಪುರಕ್ಕೆ ಬಿಟ್ಟುಕೊಡುವುದೂ ಇಲ್ಲ. ನಾನು ಕೇಳುವುದು ಇಷ್ಟೆ: ಪಾಠದಲ್ಲಿ ಊರಿನ ಹೆಸರನ್ನು ಸೇರಿಸಿ ಹೇಳೋಣ. ಫಾಳ್ಕೆಯವರೂ ತಮ್ಮ ಒಂದೇ ಒಂದು ವಾಕ್ಚಿತ್ರ ‘ಗಂಗಾವತರಣ’ವನ್ನು 1937ರಲ್ಲಿ ಕೊಲ್ಹಾಪುರ ಸಿನಿಟೋನಿಗಾಗಿಯೇ ತೆಗೆದರು. ಬೆಂಕಿಕಡ್ಡಿ ಕುಣಿಸಿದ ಮುದುಕ ಒಮ್ಮೆ ನಮ್ಮ ನೆರೆಯಲ್ಲಿದ್ದರೆಂದು ನಿಪ್ಪಾಣಿಯ ಹುಡುಗನಿಗೆ ತಿಳಿದರೆ ಕನ್ನಡಕ್ಕೆ ನಷ್ಟವೇನು?

ಇನ್ನೊಂದು ಮಾತು. ‘ಸತಿ ಸುಲೋಚನಾ’ದ ಒಂದು ಪ್ರತಿಯೂ ಇಂದು ಉಳಿದಿಲ್ಲ. ಆ ಕಾಲದ ಫಿಲ್ಮು ನೈಟ್ರೇಟಿನದು. ಬೇಗ ಹೊತ್ತಿಕೊಳ್ಳುತ್ತದೆ, ಹೊತ್ತಿಕೊಳ್ಳದಿದ್ದರೆ ತಾನಾಗಿ ಕೊಳೆತು ಪುಡಿಯಾಗುತ್ತದೆ. ಆದರೆ ನಮ್ಮ ಭಾಗದ ಹಳೆಯ ವಾಡೆಗಳ ಅಟ್ಟಗಳಲ್ಲಿ ಪೆಟ್ಟಿಗೆಗಳಿಗೆ ಕೊರತೆಯಿಲ್ಲ. ಗಾಜಿನ ಚಿತ್ರಫಲಕವಾಗಲಿ, ತುಕ್ಕು ಹಿಡಿದ ಡಬ್ಬಿಯಲ್ಲಿ ಸುತ್ತಿಟ್ಟ ರೀಲಾಗಲಿ, ಆಟದ ಕರಪತ್ರವಾಗಲಿ ಕೈಗೆ ಸಿಕ್ಕರೆ ಗುಜರಿಗೆ ಹಾಕಬೇಡಿರಿ. ರೀಲನ್ನು ದೀಪದ ಬಳಿ, ಒಲೆಯ ಬಳಿ ಒಯ್ಯದೆ ತಂಪಾದ ಜಾಗದಲ್ಲಿಟ್ಟು, 1964ರಲ್ಲಿ ಪುಣೆಯಲ್ಲಿ ಸ್ಥಾಪಿತವಾದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕೆ ಒಂದು ಕಾಗದ ಬರೆಯಿರಿ. ರೆನೊ ತನ್ನ ಕೈಯಾರೆ ನದಿಗೆಸೆದದ್ದನ್ನು ನಾವು ಅಜಾಗರೂಕತೆಯಿಂದ ಮಾಡುವುದು ಬೇಡ.

ತರಗತಿಯ ಆ ವಾಕ್ಯವನ್ನು ನಾನು ತಿದ್ದಿಕೊಂಡಿದ್ದೇನೆ. ತಿದ್ದಿದ ದಿನ ಕೋಲನ ‘ಫ್ಯಾಂಟಸ್ಮಗೋರಿ’ಯನ್ನೂ ಮಕ್ಕಳಿಗೆ ತೋರಿಸಿದೆ. ಕಡ್ಡಿಯ ಕೋಡಂಗಿ ಬಿದ್ದು ಒಡೆದಾಗ ಅಥಣಿಯವರೂ ಕಾಗವಾಡದವರೂ ಒಂದೇ ಗಳಿಗೆಯಲ್ಲಿ ನಕ್ಕರು. ನಿಪ್ಪಾಣಿಯ ಹುಡುಗ ಮಾತ್ರ ನಗುತ್ತಲೇ ಇನ್ನೊಂದು ಪ್ರಶ್ನೆ ಹಾಕಿದ: “ಸರ, ಏಳನೂರ ಚಿತ್ರಾ ಅವನೊಬ್ಬನs ಬರದನೇನ್ರಿ?”

ಈ ಸಲ ‘ಇರಬೇಕು’ ಎನ್ನಲಿಲ್ಲ. “ನಾಳೆ ನೋಡಿಕೊಂಡು ಬಂದು ಹೇಳುತ್ತೇನೆ” ಎಂದೆ.